ಹಿಂದಿಟ್ಟ ಡಬ್ಬಿ

ಬೊರಿವಲಿಯ ಕಡೆ ಹೋಗುವ ಸ್ಲೋ ಲೋಕಲ್ಲಿಗೆ, ಬೆನ್ನಿಗೊಂದು ಗಿಟಾರು ಬಿಗಿದುಕೊಂಡು, ಎರಡೂ ಕೈಗಳಲ್ಲಿ ಊಟದ ಡಬ್ಬಿಗಳ ಗೊಂಚಲು ತೂಗಿಸಿಕೊಂಡು, ಎಪ್ಪತ್ತರ ಆಸುಪಾಸಿನ, ಬೆಳ್ಳಿಗೂದಲನ್ನು ಹಿಂದಕ್ಕೆ ರಬ್ಬರು ಹಾಕಿ ಕಟ್ಟಿದ, ವೈಶಾಖದ ಸೆಕೆಯಲ್ಲೂ ಕರಿಯ ಚರ್ಮದ ಕೋಟನ್ನು ಬಿಚ್ಚದ ಮನುಷ್ಯನೊಬ್ಬ ಹತ್ತಿದನೆಂದರೆ, ಬೋಗಿಯಲ್ಲಿದ್ದವರು ಅರೆಗಳಿಗೆ ಮೊಬೈಲು ಮರೆತು ತಲೆಯೆತ್ತುತ್ತಾರೆ. ಮುಂದಿನಿಂದ ಕಂಡವರಿಗೆ ಅವನು ಡಬ್ಬಾವಾಲಾ. ಹಿಂದಿನಿಂದ ಕಂಡವರಿಗೆ ಕಲಾವಿದ. ಒಬ್ಬನನ್ನೇ ಎರಡೂ ಕಡೆಯಿಂದ ನೋಡುವಷ್ಟು ಪುರುಸೊತ್ತು ಮುಂಬಯಿಯಲ್ಲಿ ಯಾರಿಗಿದೆ? ನನಗಿತ್ತು. ಏಕೆಂದರೆ ಆ ಡಬ್ಬಿಗಳೆಲ್ಲ ಕಡೆಗೆ ಬಂದು ಕೂಡುತ್ತಿದ್ದುದು ಮಲಾಡಿನ ನನ್ನ ಅಂಗಡಿಯ ಕಪಾಟಿನಲ್ಲಿ.

ಇವನೇ ಧರ್ಮಣ್ಣ. ಈ ನಗರದ ರಾಕ್ ಸಂಗೀತದ ಭಕ್ತರಿಗೆ ಡ್ಯಾನಿ ಸರ್. ಅವನಿಗೆ ಆ ಹೆಸರು ಯಾರು ಇಟ್ಟರೆಂದು ನಾನು ಕೇಳಿಲ್ಲ. ಪರೇಲಿನ ಗಿರಣಿ ಕಾರ್ಮಿಕರ ವಠಾರದಲ್ಲಿ, ಇಲ್ಲಿಯವರ ಮಾತಿನಲ್ಲಿ ಚಾಳಿನಲ್ಲಿ, ಹುಟ್ಟಿದ ವಿಜಯಪುರದ ಕಡೆಯ ಹುಡುಗ ದಕ್ಷಿಣ ಮುಂಬಯಿಯ ಕಾಲೇಜುಗಳ ವೇದಿಕೆ ಹತ್ತಬೇಕಾದರೆ ಹೆಸರನ್ನು ಕೆಳಗೆ ಬಿಟ್ಟು ಹತ್ತಬೇಕಿತ್ತು, ಚಪ್ಪಲಿ ಬಿಟ್ಟ ಹಾಗೆ. ನಾವೆಲ್ಲ ಅಷ್ಟಿಷ್ಟು ಬಿಟ್ಟವರೇ. ಊರಿಂದ ಫೋನು ಬಂದರೆ ಇವತ್ತಿಗೂ ಲೋಕಲ್ಲಿನಲ್ಲಿ ಬಾಯಿಗೆ ಕೈ ಅಡ್ಡ ಹಿಡಿದು ಮಾತಾಡುವ ನಮ್ಮವರನ್ನು ನಾನು ದಿನಾ ನೋಡುತ್ತೇನೆ, ಮೊಬೈಲಿನ ಕಪ್ಪು ಗಾಜಿನಲ್ಲಿ ನನ್ನನ್ನೂ ನೋಡಿಕೊಂಡಿದ್ದೇನೆ.

ಧರ್ಮಣ್ಣನ ನಡಿಗೆಯನ್ನು ಹೇಳದಿದ್ದರೆ ಧರ್ಮಣ್ಣನನ್ನು ಹೇಳಿದಂತಾಗುವುದಿಲ್ಲ. ಗೋಡೆಯ ಪಕ್ಕವನ್ನೇ ಹಿಡಿದು, ಕತ್ತನ್ನು ಮುಂದಕ್ಕೆ ಚಾಚಿ, ಓಟವೂ ಅಲ್ಲದ ನಡಿಗೆಯೂ ಅಲ್ಲದ ಒಂದು ಲಯದಲ್ಲಿ ಅವನು ಸಾಗುತ್ತಾನೆ. ಯಾರನ್ನೋ ಹಿಡಿಯಲೆಂದು ಹೊರಟು, ಅವರು ಬಸ್ಸು ಹತ್ತಿ ಹೋದದ್ದು ಗೊತ್ತಾದ ಮೇಲೂ ಕಾಲಿಗೆ ಆ ಸುದ್ದಿ ಇನ್ನೂ ಮುಟ್ಟದವನ ಹಾಗೆ. ಇನ್ನು ಅವನ ಮಾತು. ಯಾವ ಮಾತನ್ನಾದರೂ ಅವನು 'ಮತ್ತೊಮ್ಮೆ ನೋಡೂಣು' ಎಂದೇ ಮುಗಿಸುತ್ತಾನೆ. ಚಹಾ ಹೇಗಿತ್ತೆಂದು ಕೇಳಿದರೆ, "ಚಲೋ ಇತ್ತು, ಮತ್ತೊಮ್ಮೆ ನೋಡೂಣು." ಕಣ್ಣಿನ ಆಪರೇಷನ್ ಆದ ದಿನ ನೋಡಲು ಹೋದಾಗಲೂ, "ಛಂದ ಆತು, ಮತ್ತೊಮ್ಮೆ ನೋಡೂಣು" ಎಂದಿದ್ದ. ಇನ್ನೊಂದು ಕಣ್ಣಿಗಾದರೂ ಆ ಮಾತು ಅನ್ವಯಿಸಬಹುದೆಂದು ನಾನು ಸುಮ್ಮನಾಗಿದ್ದೆ.

ಸಂಗೀತದ ವಿಷಯದಲ್ಲಿ ನಾನು ನಿರಕ್ಷರಿ, ಆದರೆ ಸಂಗೀತದಿಂದಲೇ ಬದುಕಿದವನು. ಮೊದಲು ಕ್ಯಾಸೆಟ್ಟು, ಆಮೇಲೆ ಸೀಡಿ, ಆಮೇಲೆ ಮೆಮೊರಿ ಕಾರ್ಡು, ಈಗ ಮೊಬೈಲಿನ ಕವರು ಮತ್ತು ಚಾರ್ಜರು. ಕಾಲ ಬದಲಾದಂತೆ ನನ್ನ ಅಂಗಡಿಯ ಬೋರ್ಡಿನ ಮೇಲೆ ಬಣ್ಣದ ಪದರಗಳು ಏರಿವೆ, ಕೆರೆದರೆ ಇತಿಹಾಸ ಸಿಗುತ್ತದೆ. ಈ ಎಲ್ಲ ಪದರಗಳ ಕೆಳಗೂ ಧರ್ಮಣ್ಣನೆಂಬ ಗಿರಾಕಿ ಇದ್ದಾನೆ. ಅವನು ತುಂಬಿದ ಕ್ಯಾಸೆಟ್ಟು ಕೊಂಡವನೇ ಅಲ್ಲ; ಖಾಲಿಯದೇ ಬೇಕು. ಕಾಲೇಜಿನ ಗ್ಯಾದರಿಂಗ್ ಇರಲಿ, ಹೋಟೆಲಿನ ಹುಲ್ಲುಹಾಸಿನ ಮೇಲಿನ ಶ್ರೀಮಂತರ ಮದುವೆಯಿರಲಿ, ಹತ್ತು ಜನ ಕೇಳುಗರಿರುವ ಬಿಯರಿನ ಅಂಗಡಿಯಿರಲಿ, ವೇದಿಕೆಯ ಎಡತುದಿಯಲ್ಲಿ ಒಂದು ಬಕೆಟ್ಟನ್ನು ಬೋರಲು ಹಾಕಿ ಅದರ ಮೇಲೆ ತನ್ನ ರೆಕಾರ್ಡರನ್ನು ತಾನೇ ಇಟ್ಟು, ಗುಂಡಿಯೊತ್ತಿ, ಆಮೇಲೇ ಗಿಟಾರಿಗೆ ಕೈ ಹಾಕುತ್ತಾನೆ. ಮರುದಿನ ನನ್ನ ಅಂಗಡಿಯ ಹಿಂದಿನ ಸ್ಟೂಲಿನ ಮೇಲೆ ಕೂತು ಅದನ್ನು ಕೇಳುತ್ತಾನೆ. ಪೂರ್ತಿ ಅಲ್ಲ, ಒಂದೇ ಒಂದು ಕೃತಿಯನ್ನು. ಅದರ ಹೆಸರು 'ಥರ್ಡ್ ಶಿಫ್ಟ್'. ಅವನದೇ ರಚನೆ, ಮಾತಿಲ್ಲ, ಬರೀ ಗಿಟಾರು. ಗಿರಣಿಯಲ್ಲಿ ಮಗ್ಗದ ಮುಂದೆ ನಿಂತು ಮೂರನೇ ಪಾಳಿ ದುಡಿದ ಅವನ ಅಪ್ಪ ಕಾಶಪ್ಪನಿಂದ ಬಂದ ಹೆಸರು. ಕೇಳುತ್ತ ಕೇಳುತ್ತ ಅವನ ಮುಖ, ಹುಡುಗಿ ನೋಡಲು ಬಂದು ಚಹಾ ಕುಡಿದು ಹೊರಟ ಬೀಗರ ಮುಖದ ಹಾಗೆ, ಸೌಜನ್ಯದಿಂದಲೇ ಮುಚ್ಚಿಕೊಳ್ಳುತ್ತದೆ.

"ಇದೂ ಅಲ್ಲ," ಎನ್ನುತ್ತಾನೆ.

ಆದರೂ ಅದರ ಪ್ರತಿಗಳನ್ನು ಮಾಡಿಸಿ ಅಭಿಮಾನಿಗಳಿಗೆ ಹಂಚುತ್ತಾನೆ. ಇದನ್ನು ಕೇಳಿ, ಹಳೆಯದನ್ನು ಬಿಡಿ ಎಂದು ಬೇಡಿಕೊಳ್ಳುತ್ತಾನೆ. ಅವರು ಗೌರವದಿಂದ ತೆಗೆದುಕೊಂಡು ಹೋಗಿ ಹಳೆಯದನ್ನೇ ಕೇಳುತ್ತಾರೆ.

"ಧರ್ಮಣ್ಣ, ಹಳೇ ಮಾಲು ತಾನs ಓಡಾಕತ್ತಾಗ ಹೊಸಾದು ಯಾಕ ಹೇರ್ತಿ?" ಎಂದು ನಾನೊಮ್ಮೆ ಚುಚ್ಚಿದೆ.

"ಹಳೇದ್ರಾಗ ಹುಳಕ ಐತಿ, ಶಿವಪುತ್ರಪ್ಪ."

"ಗಿರಾಕಿಗೆ ಹುಳಕs ರುಚಿ ಹತ್ತಿದ್ರ ನೀ ಏನ್ ಮಾಡಾಂವ?"

ಅವನು ನಗಲಿಲ್ಲ. ಆ ದಿನದಿಂದ ಆ ಹುಳುಕಿನ ಬಗ್ಗೆ ನಾನು ಹಾಸ್ಯ ಮಾಡುವುದನ್ನು ಕಡಿಮೆ ಮಾಡಿದೆ; ಬಿಟ್ಟೆನೆಂದರೆ ಸುಳ್ಳಾದೀತು.

ಆ ಹಳೆಯ ರೆಕಾರ್ಡಿಂಗಿನ ಕಥೆ ಇಷ್ಟು. ಗಿರಣಿಗಳು ಒಂದೊಂದಾಗಿ ಬಾಗಿಲು ಎಳೆದುಕೊಳ್ಳುತ್ತಿದ್ದ ಕಾಲ. ದಕ್ಷಿಣ ಮುಂಬಯಿಯ ಒಂದು ಕಾಲೇಜಿನ ಮೈದಾನದಲ್ಲಿ ಸಂಜೆಯ ಕಾರ್ಯಕ್ರಮ. ಧರ್ಮಣ್ಣನ ಗೆಳೆಯನೊಬ್ಬ ವೇದಿಕೆಯ ಅಂಚಿನಲ್ಲಿ ಟೇಪ್ ರೆಕಾರ್ಡರು ಇಟ್ಟಿದ್ದ. ಎರಡು ಹಾಡುಗಳ ನಡುವಿನ ಬಿಡುವಿನಲ್ಲಿ ಆ ಟೇಪಿನೊಳಗೆ ಹೆಂಗಸೊಬ್ಬಳ ದನಿ ಬರುತ್ತದೆ, ಎಲ್ಲ ವಾದ್ಯಗಳಿಗಿಂತ ಸ್ಪಷ್ಟವಾಗಿ, ಏಕೆಂದರೆ ಅವಳು ನಿಂತದ್ದೇ ರೆಕಾರ್ಡರಿನ ಪಕ್ಕದಲ್ಲಿ: "ಧರ್ಮಾ, ಮುಂಜಾನಿಂದ ಏನೂ ತಿಂದಿಲ್ಲೋ. ಎರಡು ತುತ್ತು ತಿಂದು ಬಾರಿಸೋ." ಆಮೇಲೆ ಮೈಕಿನಲ್ಲಿ ಧರ್ಮಣ್ಣನ ತರುಣ ದನಿ: "ಬಾಯಿ, ಡಬ್ಬಾ ಪೀಛೇ ರಖ್ ದೋ." ಮನೆಗೆಲಸದವಳನ್ನೋ ಡಬ್ಬಿ ಹೊತ್ತು ತಂದ ಕೂಲಿಯವಳನ್ನೋ ಈ ನಗರ ಕರೆಯುವುದು ಬಾಯಿ ಎಂದು, ಡಬ್ಬಿ ಹಿಂದೆ ಇಟ್ಟು ಹೋಗಮ್ಮ ಎಂದು ಅದರ ಅರ್ಥ. ಮೈದಾನವಿಡೀ ಘೊಳ್ಳೆಂದು ನಕ್ಕದ್ದು ಟೇಪಿನಲ್ಲಿದೆ. ಆ ನಗೆಯ ಬೆನ್ನಿಗೇ 'ಥರ್ಡ್ ಶಿಫ್ಟ್' ಶುರುವಾಗುತ್ತದೆ, ಮತ್ತು ಬಲ್ಲವರು ಹೇಳುವಂತೆ ಈ ದೇಶದಲ್ಲಿ ಯಾರೂ ಅದಕ್ಕೆ ಮೊದಲು ಅಷ್ಟು ವೇಗವಾಗಿ ಅಷ್ಟು ಕಿಚ್ಚಿನಿಂದ ಗಿಟಾರು ನುಡಿಸಿರಲಿಲ್ಲ.

ಆ ಟೇಪು ಪ್ರತಿಯಿಂದ ಪ್ರತಿಯಾಗಿ ಹಾಸ್ಟೆಲುಗಳಿಂದ ಹಾಸ್ಟೆಲುಗಳಿಗೆ ಹಬ್ಬಿತು. ಅದರ ಜೊತೆ ಆ ವಾಕ್ಯವೂ ಹಬ್ಬಿ ಭಕ್ತರಲ್ಲಿ ಒಂದು ಪದ್ಧತಿಯೇ ಆಯಿತು. ಡ್ಯಾನಿ ಸರ್ ಕಾರ್ಯಕ್ರಮಕ್ಕೆ ಬರುವವರು ಮನೆಯಿಂದ ಒಂದೊಂದು ಡಬ್ಬಿ ಊಟ ತಂದು ಡ್ರಮ್ಮಿನ ಹಿಂದೆ ಸಾಲಾಗಿ ಇಡುತ್ತಾರೆ. ಅವನು ಬೆವರೊರೆಸಿಕೊಳ್ಳಲು ನಿಂತ ಕೂಡಲೇ ಸಭೆ ಒಕ್ಕೊರಲಿನಿಂದ ಕೂಗುತ್ತದೆ: "ಬಾಯೀ, ಡಬ್ಬಾ ಪೀಛೇ!" ಅದು 'ಥರ್ಡ್ ಶಿಫ್ಟ್' ಬೇಕೆಂಬ ಬೇಡಿಕೆ. ಗಿರಣಿಯ ಕಾರ್ಮಿಕನ ಮೇಲೆ ಕಟ್ಟಿದ ಸಂಗೀತಕ್ಕೆ, ಗಿರಣಿಯ ಕಾರ್ಮಿಕರಿಗೆ ಉಣಬಡಿಸಿದವಳನ್ನು ಹಿಂದಕ್ಕೆ ಅಟ್ಟಿಯೇ ಪ್ರವೇಶ! ಇದರಲ್ಲಿನ ವಿನೋದ ಆ ಸಭೆಯಲ್ಲಿ ಒಬ್ಬನಿಗೆ ಮಾತ್ರ ತಿಳಿಯುತ್ತಿತ್ತು. ಅವನ ಕೈಯಲ್ಲಿ ಗಿಟಾರಿತ್ತು.

ಇನ್ನೊಬ್ಬನಿಗೂ ತಿಳಿಯುತ್ತಿತ್ತೆನ್ನಿ. ನಾನು ಹರೆಯದಲ್ಲಿ ದಾದರಿನ ಜವಳಿ ಅಂಗಡಿಯಲ್ಲಿ ಬಟ್ಟೆಯ ಥಾನು ಬಿಚ್ಚುತ್ತಿದ್ದಾಗ ಎರಡೂ ಹೊತ್ತು ಉಂಡದ್ದು ಪರೇಲಿನ ಚಾಳಿನ ಕೆಳಮಹಡಿಯಲ್ಲಿದ್ದ ಸುಂದ್ರವ್ವನ ಖಾನಾವಳಿಯಲ್ಲಿ. ಬಿಸಿ ರೊಟ್ಟಿ, ಝುಣಕ, ಶೇಂಗಾಹಿಂಡಿ. ಬೇಡವೆಂದು ತಟ್ಟೆಗೆ ಅಂಗೈ ಮುಚ್ಚಿದರೆ ಬೆರಳ ಸಂದಿಯಲ್ಲೇ ಬಡಿಸುವ ಹೆಂಗಸು. "ಎರಡು ತುತ್ತು ತಿಂದು ಹೋಗೋ" ಎನ್ನುವುದು ಅವಳ ಬಾಯಿಯ ವಾಡಿಕೆ. ಮುಂದೆ ನಾನು ಕ್ಯಾಸೆಟ್ಟಿನ ಅಂಗಡಿ ಇಟ್ಟ ಮೇಲೆ, ಯಾವನೋ ಕಾಲೇಜು ಹುಡುಗ ಪ್ರತಿ ತೆಗೆಯಲು ಕೊಟ್ಟ ಟೇಪಿನೊಳಗಿಂದ ಆ ದನಿ ಬಂದಾಗ, ನನಗೆ ಮೊದಲು ನೆನಪಾದದ್ದು ಸಂಗೀತವಲ್ಲ, ಹಸಿವು. ಮರುಕ್ಷಣವೇ ಗಿಟಾರು ಬಾರಿಸುವವನು ಅವಳ ಮಗನೆಂಬುದು ಹೊಳೆಯಿತು. ಹೊಳೆದದ್ದನ್ನು ನಾನು ಯಾರಿಗೂ ಹೇಳಲಿಲ್ಲ.

ಸುಂದ್ರವ್ವನಿಗೂ ಆ ಟೇಪು ಗೊತ್ತಿತ್ತು. ಗೊತ್ತಿತ್ತು ಎಂದರೇನು, ಅದನ್ನು ಉಣಲು ಬಂದವರಿಗೆಲ್ಲ ಕೇಳಿಸುತ್ತಿದ್ದಳು! ಖಾನಾವಳಿಯ ಗಿರಾಕಿಯೊಬ್ಬ ತಂದುಕೊಟ್ಟಿದ್ದನಂತೆ. ಒಮ್ಮೆ ಹಳೆಯ ರುಚಿಗೆಂದು ನಾನು ಹೋದಾಗ, ರೊಟ್ಟಿಯ ಹಿಟ್ಟು ಮೆತ್ತಿದ ಬೆರಳಿನಿಂದಲೇ ಗುಂಡಿಯೊತ್ತಿದಳು.

"ಕೇಳೋ ಶಿವಪುತ್ರಾ, ಇದು ನಾನs. ದನಿ ಎಷ್ಟ ಸ್ವಚ್ಛ ಬಂದೈತಿ ನೋಡು! ಅವನ ಬಾಜಾದಾಗ ನಂದೂ ಐತಿ."

ನಾನು ತಟ್ಟೆ ನೋಡುತ್ತ ಕೇಳಿದೆ. ಮಗನ ಮಾತು ಬಂತು, ನಗೆ ಬಂತು. ನಾನು ಎತ್ತಿದ ತುತ್ತನ್ನು ತಟ್ಟೆಗೇ ಇಟ್ಟದ್ದನ್ನು ಕಂಡು ಅವಳೇ ನೀರು ಮುಂದಿಟ್ಟಳು.

"ಮಂದ್ಯಾಗ ಹಂಗ ಅನ್ನಬೇಕಾಕ್ಕೈತಿ," ಎಂದಳು, ನನಗೆ ಸಮಾಧಾನ ಹೇಳುವಂತೆ. "ದೊಡ್ಡ ಮಂದಿ ಇದ್ರು ಅಲ್ಲಿ."

ಅವಳು ತೀರಿಕೊಂಡು ಈಗ ಎಷ್ಟೋ ವರ್ಷಗಳಾದವು. ಕಡೆಯವರೆಗೂ ಮಗನ ಜೊತೆಗೇ ಇದ್ದಳು. ಕಡೆಯವರೆಗೂ ತಾಯಿಮಕ್ಕಳು ಆ ಸಂಜೆಯ ಬಗ್ಗೆ ಒಂದು ಮಾತೂ ಆಡಲಿಲ್ಲ. ಅವಳಿಗೆ ಆಡುವುದು ಏನೂ ಇರಲಿಲ್ಲ, ಅವನಿಗೆ ಬಾಯಿ ಬರಲಿಲ್ಲ. ಅವಳ ದಿನಕರ್ಮ ಮುಗಿಸಿ ನಾನೂ ಧರ್ಮಣ್ಣನೂ ಲೋಕಲ್ಲಿನಲ್ಲಿ ಬರುತ್ತಿದ್ದಾಗ, ಸಿಗ್ನಲ್ಲಿಗೆ ಗಾಡಿ ನಿಂತ ಒಂದು ಮಧ್ಯಾಹ್ನ, ಅವನು ತಾನಾಗಿಯೇ ಬಾಯಿಬಿಟ್ಟ.

"ನಾ ಆವತ್ತ ಅಷ್ಟ ಜೋರ ಬಾರಿಸಿದ್ದು ಯಾಕ ಗೊತ್ತೇನು? ಎಲ್ಲಾರೂ ಕಿಚ್ಚು ಅಂತಾರ, ಪ್ರತಿಭಾ ಅಂತಾರ. ಲಗೂನ ಮುಗಿಸಿ ಅವ್ವನ್ನ ಹಿಡೀಬೇಕಾಗಿತ್ತೋ! ಅಕಿ ಬಸ್ ಸ್ಟಾಪಿನ ಕಡೆ ಹೊಂಟಿದ್ದು ನನಗ ಸ್ಟೇಜಿನ ಮ್ಯಾಲಿಂದ ಕಾಣ್ತಿತ್ತು."

"ಸಿಕ್ಕಳೇನು?"

"ಬಸ್ಸು ಸಿಕ್ತು ಅಕಿಗೆ. ನಾ ಮನಿ ಮುಟ್ಟಿದ್ರ ಮಂದಿಗೆ ನೀಡಾಕತ್ತಿದ್ಲು. ನನ್ನ ನೋಡಿ ಏನಂದ್ಲು ಗೊತ್ತೇನು? 'ಡಬ್ಬಿ ತಂದಿಯೇನೋ? ನಾಳಿಗೆ ಬೇಕದು' ಅಂದ್ಲು. ನಾ ತಂದಿರಲಿಲ್ಲ. ಹಿಂದ ಇಟ್ಟಿದ್ದು ಹಿಂದs ಉಳಿದಿತ್ತು."

ಆ ಸಂಜೆಯಿಂದ ಅವನು ಯಾವ ಕಾರ್ಯಕ್ರಮದಲ್ಲೂ ಒಂದೂ ಡಬ್ಬಿಯನ್ನು ಹಿಂದೆ ಬಿಟ್ಟು ಬಂದವನಲ್ಲ. ಅಭಿಮಾನಿಗಳು ತಂದ ಊಟದಲ್ಲಿ ತಾನೊಂದು ಅಗುಳೂ ತಿನ್ನದೆ, ಪರೇಲಿನ ಆಸ್ಪತ್ರೆಯ ಹೊರಗೆ ಫುಟ್‌ಪಾತಿನ ಮೇಲೆ ಬಿಡಾರ ಹೂಡಿರುವ ರೋಗಿಗಳ ಮನೆಯವರಿಗೆ ಅದನ್ನು ಹಂಚಿ, ಡಬ್ಬಿಗಳನ್ನು ತನ್ನ ಕೈಯಾರೆ ಬೂದಿ ಹಚ್ಚಿ ತಿಕ್ಕಿ ತೊಳೆದು ನನ್ನ ಅಂಗಡಿಗೆ ತರುತ್ತಿದ್ದ. ಅಭಿಮಾನಿಗಳು ಬಂದು ತಂತಮ್ಮ ಡಬ್ಬಿ ಒಯ್ಯುತ್ತಿದ್ದರು. ಡಬ್ಬಿಗೆ ಬಂದವರು ಚಾರ್ಜರಿಲ್ಲದೆ ಹೋಗದಂತೆ ನೋಡಿಕೊಳ್ಳುವುದು ನನ್ನ ಕಸುಬಿನ ಧರ್ಮ. ಹೀಗೆ ಒಬ್ಬನ ನಾಚಿಕೆ ಇನ್ನೊಬ್ಬನ ವ್ಯಾಪಾರವಾಗಿ ಬಹುಕಾಲ ಸುಖವಾಗಿಯೇ ನಡೆಯಿತು. ಹಳೆಯ ಟೇಪನ್ನು ಹೊಸದೊಂದರಿಂದ ಮುಚ್ಚಿಹಾಕಬೇಕೆಂದು ಅವನು ನುಡಿಸುತ್ತಲೇ ಹೋದ, ರೆಕಾರ್ಡು ಮಾಡುತ್ತಲೇ ಹೋದ. ಯಾವುದೂ ಆ ಸಂಜೆಯದನ್ನು ಮೀರಲಿಲ್ಲ. ಹೇಗೆ ಮೀರೀತು? ಬೇರಾವ ಸಂಜೆಯೂ ಅವನ ಅವ್ವ ಎದುರಿನಲ್ಲಿ ಬಸ್ಸಿಗೆ ನಡೆದುಹೋಗುತ್ತಿರಲಿಲ್ಲ.

ಹೋದ ವರ್ಷ ಅಮೋಲ್ ಎಂಬ ತರುಣ ನನ್ನ ಅಂಗಡಿ ಹುಡುಕಿಕೊಂಡು ಬಂದ. ಸಣ್ಣದೊಂದು ಸಂಗೀತ ಕಂಪನಿಯವನು. ಅವನ ಅಪ್ಪನೇ ಡ್ಯಾನಿ ಸರ್ ಭಕ್ತನಂತೆ, ಇವನು ಎರಡನೆಯ ತಲೆಮಾರು. ಡ್ಯಾನಿ ಸರ್ ಅವರ ಲೈವ್ ರೆಕಾರ್ಡಿಂಗುಗಳನ್ನೆಲ್ಲ ಶುಚಿಗೊಳಿಸಿ ದೊಡ್ಡ ಕಪ್ಪು ರೆಕಾರ್ಡುಗಳಾಗಿ ಹೊರತರುವ ಯೋಜನೆ. ಸತ್ತುಹೋಯಿತೆಂದು ನಮ್ಮ ಕಸುಬಿನವರೆಲ್ಲ ರದ್ದಿಗೆ ಹಾಕಿದ ಮಾಲು ಮತ್ತೆ ಹೊಳೆಯುವ ಕವಚ ತೊಟ್ಟು ಬರುತ್ತಿದೆಯೆಂದು ನನಗೆ ಸ್ವಲ್ಪ ಹೊಟ್ಟೆಕಿಚ್ಚೇ ಆಯಿತು. ಧರ್ಮಣ್ಣನೂ ಬಂದ. ಸ್ಟೂಲಿನ ಮೇಲೆ ಕೂತು ಒಂದೇ ಷರತ್ತು ಹೇಳಿದ: ಆ ಮಾತನ್ನು ಕತ್ತರಿಸಬೇಕು. ಅವಳದನ್ನೂ, ತನ್ನದನ್ನೂ.

ಅಮೋಲ್ ಬೆಚ್ಚಿಬಿದ್ದ. "ಸರ್, ಕ್ಯಾ ಬಾತ್ ಕರ್ ರಹೇ ಹೋ? ವಹೀ ತೋ ಚೀಜ್ ಹೈ!" ಅದೇ ತಾನೇ ಜೀವಾಳ ಎಂದ. ಅದಿಲ್ಲದಿದ್ದರೆ ಜನ ತನ್ನ ಆಫೀಸು ಸುಟ್ಟಾರು ಎಂದ. ಕಾಕಾ, ನೀವಾದರೂ ಹೇಳಿ ಎಂದು ಹಿಂದಿಯಲ್ಲೇ ನನ್ನ ಕಡೆ ತಿರುಗಿದ.

ನಾನು ವ್ಯಾಪಾರಿ; ಜಗಳದ ನಡುವೆ ತಕ್ಕಡಿ ಹಿಡಿಯುವುದು ನನಗೆ ರೂಢಿ. "ಅವ್ವನ ಮಾತು ಇರಲಿ, ನಿಂದಷ್ಟು ತಗಸು," ಎಂದೆ ಕನ್ನಡದಲ್ಲಿ. "ಇಬ್ಬರಿಗೂ ಅರ್ಧರ್ಧ."

ಧರ್ಮಣ್ಣ ನನ್ನನ್ನು ನೋಡಿದ ನೋಟ ನನಗಿನ್ನೂ ನೆನಪಿದೆ. "ಭಾಳ ಶಾಣ್ಯಾ ಇದ್ದಿ ನೋಡು ಸಾವಕಾರ. ನಂದು ತಗಸಿದ್ರ ನಾ ಸಾಚಾ ಆಗ್ತೀನಿ. ಅಕಿ ಕರದ್ಲು, ಮಗ ಸುಮ್ಮ ಬಾರಿಸಿದ. ಸುಳ್ಳಿಗೆ ಇಸ್ತ್ರಿ ಮಾಡ್ದಂಗ ಆಗ್ತೈತಿ."

ತೆಗೆದರೆ ಎರಡನ್ನೂ ತೆಗೆಯಬೇಕು, ಇಲ್ಲವಾದರೆ ರೆಕಾರ್ಡೇ ಬೇಡ ಎಂದ. ಮಾತು ಅಲ್ಲಿಗೇ ಮುರಿಯುತ್ತಿತ್ತು. ಆದರೆ ಅಮೋಲ್ ಬಡಪೆಟ್ಟಿಗೆ ಬಗ್ಗುವವನಲ್ಲ. ಶುಚಿಗೊಳಿಸಿದ ತುಣುಕು ತನ್ನ ಲ್ಯಾಪ್‌ಟಾಪಿನಲ್ಲಿದೆ, ಒಮ್ಮೆ ಕೇಳಿ ಆಮೇಲೆ ಹೇಳಿ ಎಂದು ಹೆಡ್‌ಫೋನು ಮುಂದೆ ಹಿಡಿದ. ಜನರ ಗದ್ದಲವನ್ನು ಕೆಳಗಿಳಿಸಿದ್ದೇವೆ, ಒಳಗಿನದೆಲ್ಲ ಮೇಲೆ ಬಂದಿದೆ ಎಂದ, ಗಣಿಯ ಮಾಲೀಕನ ಹೆಮ್ಮೆಯಿಂದ. ಧರ್ಮಣ್ಣ ಆ ಟೇಪನ್ನು ಎಷ್ಟೋ ದಶಕಗಳಿಂದ ಕೇಳಿರಲಿಲ್ಲ. ಯಾಕೋ ಆ ದಿನ ಹೆಡ್‌ಫೋನು ಹಾಕಿಕೊಂಡ.

ಕೇಳುತ್ತಿದ್ದವನು ಒಮ್ಮೆಲೇ ಕೈಯೆತ್ತಿ ನಿಲ್ಲಿಸೆಂದ. "ಮತ್ತೊಮ್ಮೆ," ಎಂದ. ಮತ್ತೆ ಕೇಳಿದ. ಆಮೇಲೆ ಹೆಡ್‌ಫೋನನ್ನು ಕಳಚಿ ನನ್ನ ಕಿವಿಗೆ ಹಾಕಿದ.

ಸುಂದ್ರವ್ವನ ಮಾತು. ಧರ್ಮಣ್ಣನ ಮಾತು. ಆಮೇಲೆ ನಗೆ, ಆದರೆ ಈಗ ಅದು ದೂರದ ಸಮುದ್ರದ ಹಾಗೆ ತಳಕ್ಕಿಳಿದಿತ್ತು. ಅದರ ಮೇಲೆ ಡಬ್ಬಿಯನ್ನು ಹಲಗೆಯ ಮೇಲೆ ಇಟ್ಟ ಸಣ್ಣ ಸದ್ದು. ಅದರ ಬೆನ್ನಿಗೆ, ಇಷ್ಟು ವರ್ಷ ಸಾವಿರ ಜನರ ನಗೆಯಡಿ ಹೂತುಹೋಗಿದ್ದ, ಅವಳ ಇನ್ನೊಂದು ಮಾತು.

"ಜೀ, ಸಾಹೇಬ್."

ಬೇಸರದಿಂದ ಅಂದದ್ದಲ್ಲ, ಅಳುತ್ತ ಅಂದದ್ದಲ್ಲ. ಕೂಲಿಯ ಬಾಯಿಯೊಬ್ಬಳು ಹೇಗೆ ಹೇಳಬೇಕೋ ಹಾಗೆ, ಅಷ್ಟೇ ವಿನಯದಿಂದ, ಹಿಂದಿಯಲ್ಲಿ. ಮಗ ಹೇಳಿದ ಸುಳ್ಳು ಅಷ್ಟು ಜನರ ನಡುವೆ ಬಯಲಾಗದಿರಲೆಂದು ಅವಳು ತಾನೂ ಅದರೊಳಗೆ ಹೊಕ್ಕು ನಿಂತಿದ್ದಳು. ಇಷ್ಟನ್ನು ತನ್ನ ಖಾನಾವಳಿಯಲ್ಲಿ ಅವಳು ಯಾರಿಗೂ ಹೇಳಿರಲಿಲ್ಲ.

ಅಮೋಲ್ ಏನಾಯಿತೆಂದು ತಿಳಿಯದೆ ಇಬ್ಬರ ಮುಖವನ್ನೂ ನೋಡುತ್ತಿದ್ದ. ಅಂಗಡಿಯಲ್ಲಿ ಗಿರಾಕಿಯೊಬ್ಬ ಕವರಿನ ಬಣ್ಣ ಕೇಳುತ್ತ ನಿಂತಿದ್ದ. ನನ್ನ ಜೀವನದಲ್ಲಿ ಗಿರಾಕಿಗೆ ಉತ್ತರ ಕೊಡದೆ ಇದ್ದದ್ದು ಆವತ್ತೇ ಇರಬೇಕು. ಧರ್ಮಣ್ಣ ಕೋಟಿನ ಅಂಚನ್ನು ಬೆರಳಿನಿಂದ ಸವರುತ್ತಿದ್ದ.

"ಇಷ್ಟ ವರ್ಷ ನಾ ಬರೇ ನನ್ನ ಮಾತಿಗೆ ನಾಚಿಕೊಂಡೆ," ಎಂದ. "ಅಕೀದು ಕೇಳಿಸಿಕೊಳ್ಳಲೇ ಇಲ್ಲ."

ಆಮೇಲೆ ಅಮೋಲನಿಗೆ ಹಿಂದಿಯಲ್ಲಿ ಹೇಳಿದ, ಏನನ್ನೂ ಕತ್ತರಿಸಬೇಡ, ಆದರೆ ರೆಕಾರ್ಡು ಹೊರಬರುವ ಮೊದಲು ನಾನೊಂದು ಕಾರ್ಯಕ್ರಮ ಕೊಡಬೇಕು, ಪರೇಲಿನಲ್ಲಿ. ಅಮೋಲ್ ಕುಣಿದಾಡಿದ. ಪ್ರಚಾರಕ್ಕೆ ಇದಕ್ಕಿಂತ ಬೇಕೆ?

ಕಾಶಪ್ಪ ದುಡಿದ ಗಿರಣಿಯ ಜಾಗದಲ್ಲಿ ಈಗ ಗಾಜಿನ ಕಟ್ಟಡಗಳೆದ್ದಿವೆ. ಉಳಿಸಿಕೊಂಡ ಒಂದು ಹಳೆಯ ಶೆಡ್ಡಿಗೆ ಬಣ್ಣ ಬಳಿದು ಸಂಗೀತದ ಸಭಾಂಗಣ ಮಾಡಿದ್ದಾರೆ. ಚಿಮಣಿಯ ಚಿತ್ರವಿರುವ ಕಪ್ಪಿನಲ್ಲಿ ಕಾಫಿ ಮಾರುತ್ತಾರೆ. ಆ ಸಂಜೆ ಅಲ್ಲಿ ಮುದುಕರಾದ ಹಳೆಯ ಭಕ್ತರೂ ಅವರ ಮಕ್ಕಳೂ ಕಿಕ್ಕಿರಿದಿದ್ದರು. ಡ್ರಮ್ಮಿನ ಹಿಂದೆ ಡಬ್ಬಿಗಳ ಸಾಲು ಗೋಡೆಗೆ ಮುಟ್ಟಿತ್ತು. ಧರ್ಮಣ್ಣ ಬಕೆಟ್ಟು ಬೋರಲು ಹಾಕಿ ರೆಕಾರ್ಡರಿಟ್ಟ. ಆಮೇಲೆ ನಾನು ಎಂದೂ ಕಾಣದ ಒಂದು ಕೆಲಸ ಮಾಡಿದ: ಕೋಟನ್ನು ಬಿಚ್ಚಿ ಸ್ಪೀಕರಿನ ಮೇಲೆ ಹಾಕಿದ. ಒಳಮೈ ಮೇಲಾಗಿತ್ತು. ಕೌದಿಯ ತುಂಡುಗಳು, ಹಳೆಯ ಕುಬಸದ ಚೂರುಗಳು, ಕೈಹೊಲಿಗೆಯ ದಪ್ಪ ದಾರ. ಹರಿದಾಗಲೆಲ್ಲ ಸುಂದ್ರವ್ವ ಹಾಕಿಕೊಟ್ಟ ತೇಪೆಗಳು. ಬೇಸಿಗೆಯಲ್ಲೂ ಆ ಕೋಟು ಯಾಕೆ ಬಿಚ್ಚುತ್ತಿರಲಿಲ್ಲವೆಂದು ನನಗೆ ಅಂದು ಗೊತ್ತಾಯಿತು.

ನಾಲ್ಕಾರು ಕೃತಿಗಳಾದವು. ಅವನು ಬೆವರೊರೆಸಿಕೊಳ್ಳಲು ನಿಂತ. ಶೆಡ್ಡು ಗುಡುಗಿತು: "ಬಾಯೀ, ಡಬ್ಬಾ ಪೀಛೇ!"

ಧರ್ಮಣ್ಣ ಮೈಕಿನ ಹತ್ತಿರ ಬಂದ. "ಅಕಿ ಬಾಯಿ ಅಲ್ಲ," ಎಂದ. "ಅಕಿ ನಮ್ಮವ್ವ. ಸುಂದ್ರವ್ವ."

ಬಾಯಿಗೆ ಬಂದದ್ದು ಕನ್ನಡ. ಅವ್ವನ ವಿಷಯ ಅವನಿಗೆ ಬೇರೆ ಭಾಷೆಯಲ್ಲಿ ಹೇಗೆ ಬರಬೇಕು? ಸಭೆಗೆ ಏನೂ ತಿಳಿಯಲಿಲ್ಲ, ತಿಳಿಯದಿದ್ದುದರಿಂದ ಸಂತೋಷ ಇಮ್ಮಡಿಯಾಯಿತು. ಹೊಸದೊಂದು ಮಂತ್ರ ಸಿಕ್ಕಿತೆಂದು ಯಾರೋ "ಸುಂದ್ರವ್ವಾ!" ಎಂದು ಕೂಗಿದರು. ಕ್ಷಣದಲ್ಲಿ ಇಡೀ ಶೆಡ್ಡು ಚಪ್ಪಾಳೆಯ ತಾಳಕ್ಕೆ "ಸುಂದ್ರವ್ವಾ! ಸುಂದ್ರವ್ವಾ!" ಎಂದು ಮೊಳಗತೊಡಗಿತು. ನಾನು ಎರಡನೆಯ ಸಾಲಿನಲ್ಲಿ ಕೂತು ತಲೆ ತಗ್ಗಿಸಿದೆ. ಅವಳು ಹಿಟ್ಟು ನಾದಿದ ಚಾಳು ಅಲ್ಲಿಂದ ಕೂಗಳತೆಯಲ್ಲಿತ್ತು.

ಅವನು ಕಾದ. ಆಮೇಲೆ ಎಲ್ಲರಿಗೂ ತಿಳಿಯುವಂತೆ ಹಿಂದಿಯಲ್ಲಿ ಹೇಳಿದ: "ವೋ ಬಾಯಿ ನಹೀ ಥೀ. ಮಾ ಥೀ ಮೇರೀ. ಮೈನೇ ಪೀಛೇ ಭೇಜಾ." ಅವಳು ನನ್ನ ತಾಯಿ, ಹಿಂದಕ್ಕೆ ಕಳಿಸಿದವನು ನಾನು. ಇಷ್ಟೇ. ಒಂದು ಅಲಂಕಾರವಿಲ್ಲ, ಒಂದು ಕ್ಷಮೆಯಿಲ್ಲ. ಘೋಷಣೆ ಮುಂದಿನ ಸಾಲಿನಲ್ಲಿ ಮೊದಲು ಸತ್ತಿತು, ಆಮೇಲೆ ಅದರ ಹಿಂದಿನದರಲ್ಲಿ. ಬಿಲ್ಡಿಂಗಿನಲ್ಲಿ ಕರೆಂಟು ಮಹಡಿ ಮಹಡಿಯಾಗಿ ಹೋದಂತೆ. ಕಟ್ಟಕಡೆಗೆ ಹಿಂದೆಲ್ಲೋ ಒಬ್ಬ ಮಾತ್ರ ಇನ್ನೂ ಚಪ್ಪಾಳೆ ತಟ್ಟುತ್ತಿದ್ದ, ಪಕ್ಕದವರು ಅವನ ಕೈ ಹಿಡಿದರು.

ಆ ಮೌನದಲ್ಲಿ ಧರ್ಮಣ್ಣ 'ಥರ್ಡ್ ಶಿಫ್ಟ್' ನುಡಿಸಿದ. ನಿಧಾನವಾಗಿ. ವೇಗ ಹಿಡಿಯಬೇಕಾದ ತಿರುವಿನಲ್ಲೂ ನಿಧಾನವಾಗಿಯೇ, ಹಿಡಿಯಬೇಕಾದವರು ಯಾರೂ ಉಳಿದಿಲ್ಲವೆಂದು ಕೈಗೆ ಕಡೆಗೂ ಸುದ್ದಿ ಮುಟ್ಟಿದಂತೆ. ಬೆರಳು ಅಲ್ಲಲ್ಲಿ ತಪ್ಪಿತು. ಸಂಗೀತ ತಿಳಿಯದ ನನಗೆ ಚೆನ್ನಾಗಿತ್ತೆನಿಸಿತು. ತಿಳಿದವರ ಅಭಿಪ್ರಾಯ ಕೇಳಲು ಅಲ್ಲಿ ಯಾರೂ ನಿಲ್ಲಲಿಲ್ಲ. ಉಂಡ ಮನೆಯಲ್ಲಿ ಆಡಬಾರದ ಮಾತು ಆಡಿಬಿಟ್ಟ ನೆಂಟರ ಹಾಗೆ ಎಲ್ಲರೂ ಒಬ್ಬರ ಮುಖ ಒಬ್ಬರು ನೋಡದೆ ಹೊರಟುಹೋದರು. ಹಸ್ತಾಕ್ಷರ ಕೇಳಿದವರಿಲ್ಲ, ಸೆಲ್ಫಿಗೆ ಕೈ ಚಾಚಿದವರಿಲ್ಲ. ನಾವಿಬ್ಬರೂ ಡಬ್ಬಿಗಳನ್ನು ಎತ್ತಿಕೊಂಡೆವು. ಅರ್ಧವನ್ನು ನಾನು ಹೊತ್ತೆ. ಫುಟ್‌ಪಾತಿನವರು ಊಟ ತುಂಬಾ ಚೆನ್ನಾಗಿದೆಯೆಂದರು.

ರೆಕಾರ್ಡು ಹೊರಬಂತು. ಹಳೆಯದು ಮೊದಲ ಮಗ್ಗುಲಿನಲ್ಲಿ, 'ಜೀ, ಸಾಹೇಬ್' ಸಮೇತ. ಪರೇಲಿನದು ಕಡೆಯ ಮಗ್ಗುಲಿನಲ್ಲಿ, ಅವನ ಮಾತಿನ ಸಮೇತ. ಬೆರಳು ತಪ್ಪಿದ್ದನ್ನು ಹಾಕಬೇಕೇ ಎಂದು ಅಮೋಲ್ ಅನುಮಾನಿಸಿದ್ದಕ್ಕೆ ಧರ್ಮಣ್ಣ, "ಇರಲಿ" ಎಂದನಂತೆ. 'ಮತ್ತೊಮ್ಮೆ ನೋಡೂಣು' ಎನ್ನಲಿಲ್ಲವಂತೆ.

ಡಬ್ಬಿಗಳು ಮಾತ್ರ ನನ್ನ ಕಪಾಟಿನಲ್ಲೇ ಉಳಿದವು. ಒಬ್ಬರೂ ಬರಲಿಲ್ಲ. ನನ್ನ ಚಾರ್ಜರಿನ ವ್ಯಾಪಾರಕ್ಕೆ ಬಿದ್ದ ಪೆಟ್ಟು ಒಂದು ಕಡೆಯಾದರೆ, ದಿನಾ ಬಂದು ಆ ಉಕ್ಕಿನ ಡಬ್ಬಿಗಳ ಧೂಳೊರೆಸುವ ಧರ್ಮಣ್ಣನ ಮುಖ ನೋಡುವುದು ಇನ್ನೊಂದು.

"ಬಂದ್ರೇನು?"

"ಇಲ್ಲೋ. ನಾಚಿಕಿ ಬಂದೈತಿ ಅವ್ರಿಗೆ. ಇನ್ನ ಬರೂದಿಲ್ಲ ಬಿಡು."

"ಬರ್ತಾರ," ಎನ್ನುತ್ತಿದ್ದ. "ಮನ್ಯಾಗ ಅವ್ವಂದಿರು ಕೇಳೇ ಕೇಳ್ತಾರ, ಡಬ್ಬಿ ಎಲ್ಲೈತಿ ಅಂತ."

ಮೊದಲು ಬಂದದ್ದು ಸ್ನೇಹಲ್ ಎಂಬ ಕಾಲೇಜಿನ ಹುಡುಗಿ. ಬಂದಳೆನ್ನುವುದಕ್ಕಿಂತ ಅವಳ ತಾಯಿ ಅವಳನ್ನು ತೋಳು ಹಿಡಿದು ಎಳೆದು ತಂದಳು. ಹುಡುಗಿ ಧರ್ಮಣ್ಣನನ್ನು ಕಂಡು ನನ್ನ ಕವರುಗಳ ಹಿಂದೆ ಅಡಗಲು ನೋಡಿದಳು. ತಾಯಿಗೆ ಗಿಟಾರೂ ಗೊತ್ತಿಲ್ಲ, ಡ್ಯಾನಿ ಸರ್ ಕೂಡ ಗೊತ್ತಿಲ್ಲ. "ಮಾಝಾ ಡಬಾ ಕುಠೇ ಆಹೇ?" ಎಂದು ಮರಾಠಿಯಲ್ಲಿ ಸಿಡುಕಿದಳು, ನನ್ನ ಡಬ್ಬಿ ಎಲ್ಲಿ, ತಿಂಗಳಾಯಿತು! ಧರ್ಮಣ್ಣ ಕಪಾಟಿನಿಂದ ಡಬ್ಬಿಯನ್ನು ಇಳಿಸಿ, ಅಂಗಿಯ ತೋಳಿನಿಂದ ಇನ್ನೊಮ್ಮೆ ಒರೆಸಿ, ಎರಡೂ ಕೈಯಲ್ಲಿ ಹಿಡಿದು ಕೊಟ್ಟ. ತಡವಾಯಿತು, ತಪ್ಪಾಯಿತು ಎಂದ. ಅವಳು ಮುಚ್ಚಳ ತೆರೆದು, ಒಳಗೆ ಮೂಸಿ, ಬೆಳಕಿಗೆ ಹಿಡಿದು ತಳ ನೋಡಿದಳು.

"ಧುತಲಾ ತರೀ ನೀಟ್ ಆಹೇ," ಎಂದಳು. ತೊಳೆದದ್ದಂತೂ ನೆಟ್ಟಗಿದೆ.

ಅವನ ಸಂಗೀತದ ಬಗ್ಗೆ ಪತ್ರಿಕೆಗಳಲ್ಲಿ ಬಂದದ್ದನ್ನೆಲ್ಲ ನಾನು ಕತ್ತರಿಸಿ ಇಟ್ಟಿದ್ದೇನೆ. ಯಾವುದನ್ನು ಓದಿದಾಗಲೂ ಧರ್ಮಣ್ಣನ ಮುಖ ಆ ಮಧ್ಯಾಹ್ನ ಅರಳಿದ ಹಾಗೆ ಅರಳಿದ್ದು ನಾನು ಕಂಡಿಲ್ಲ.

ಧರ್ಮಣ್ಣನಂಥವರನ್ನು ಜನ ಕಲಾವಿದರೆಂದು ಬೇರೆ ಸಾಲಿನಲ್ಲಿ ಕೂರಿಸುತ್ತಾರೆ. ಅವರ ಹುಚ್ಚು, ಅವರ ಕೋಟು, ಅವರ ಬಿಡದ ಹಟ ಎಂದು ಕಥೆ ಕಟ್ಟುತ್ತಾರೆ. ನನಗೆ ಹಾಗೆ ಕಾಣುವುದಿಲ್ಲ. ಈ ನಗರಕ್ಕೆ ಬಂದು ಒಂದು ಹೆಸರು, ಒಂದು ಬೋರ್ಡು, ಒಂದು ಬ್ಲಾಕಿನ ಮನೆ ಮಾಡಿಕೊಂಡ ನಮ್ಮಲ್ಲಿ, ಯಾವುದೋ ಒಂದು ಸಂಜೆ, ಯಾವನೋ ದೊಡ್ಡವನ ಎದುರು, ತಮಗಾಗಿ ಡಬ್ಬಿ ಹೊತ್ತು ತಂದವರನ್ನು ಹಿಂದಕ್ಕೆ ಅಟ್ಟದವರು ಎಷ್ಟು ಜನ ಸಿಕ್ಕಾರು? ಅವರೂ 'ಜೀ, ಸಾಹೇಬ್' ಎಂದೇ ಹೋಗಿರುತ್ತಾರೆ, ನಾವು ಕೇಳಿಸಿಕೊಂಡಿರುವುದಿಲ್ಲ. ಧರ್ಮಣ್ಣನಿಗೂ ನಮಗೂ ಇರುವ ವ್ಯತ್ಯಾಸ ಪ್ರತಿಭೆಯದಲ್ಲ. ಅವನ ಸಂಜೆಯಲ್ಲಿ ಯಾರೋ ಟೇಪು ಹಾಕಿಟ್ಟಿದ್ದರು. ನಮ್ಮ ಸಂಜೆಗಳಲ್ಲಿ ಯಾರೂ ಹಾಕಿರಲಿಲ್ಲ. ಅಷ್ಟರ ಮೇಲೆಯೇ ನಾವೆಲ್ಲ ಮರ್ಯಾದಸ್ಥರಾಗಿ ಉಳಿದುಕೊಂಡಿದ್ದೇವೆ.